ಬಜೆಟ್ ಚಿಕ್ಕದು, ಅರಮನೆ ಮಾತ್ರ ದೊಡ್ಡದು, ಹೆಂಗೆ?

ಪ್ರಶ್ನೆ: 70ರ ದಶಕದ ಇಟಲಿಯ ವಯಸ್ಕರ ಸಿನಿಮಾಗಳಲ್ಲಿ ಕಥೆ ಅಷ್ಟಕ್ಕಷ್ಟೇ ಅಂತಾರೆ, ಆದ್ರೆ ಸ್ಟಿಲ್ಸ್ ನೋಡಿದ್ರೆ ರೋಮನ್ ಅರಮನೆ, ರೇಷ್ಮೆ ಬಟ್ಟೆ, ಏನ್ ವೈಭವ ಸಾರ್! ಅಷ್ಟು ದುಡ್ಡು ಎಲ್ಲಿಂದ ಬರ್ತಿತ್ತು? ಇತಿಹಾಸ ಕರೆಕ್ಟಾಗಿ ತೋರಿಸ್ತಿದ್ರಾ?

ಉತ್ತರ: ಎಷ್ಟೋ ಸಿನಿಮಾಗೆ ದುಡ್ಡೇ ಇರ್ಲಿಲ್ಲ. ಅದಕ್ಕೂ ಮುಂಚೆ 50-60ರ ದಶಕದಲ್ಲಿ ರೋಮ್‌ನಲ್ಲಿ ಹರ್ಕ್ಯುಲಿಸ್, ಗ್ಲಾಡಿಯೇಟರ್ ಪಿಚ್ಚರ್‌ಗಳನ್ನ ಸಾಲುಸಾಲಾಗಿ ತೆಗೆದಿದ್ರು, ಹಂಗಾಗಿ ಬಾಡಿಗೆಗೆ ಕಾಸ್ಟ್ಯೂಮು, ಕೆಲಸ ಗೊತ್ತಿರೋ ಬಡಗಿಗಳು, ಟೈಲರ್‌ಗಳು ಎಲ್ಲಾ ಅಲ್ಲೇ ಸಿಗ್ತಿದ್ರು. ಜೊತೆಗೆ ಆಗ ಅಲ್ಲಿ ಸೌಂಡ್ ಸ್ಪಾಟಲ್ಲಿ ರೆಕಾರ್ಡ್ ಮಾಡ್ತಿದ್ದದ್ದು ಕಮ್ಮಿ, ಆಮೇಲೆ ಡಬ್ಬಿಂಗು, ಸೋ ಹೊರಗಡೆ ಸ್ಕೂಟರ್ ಓಡಾಡ್ತಿದ್ರೂ ಒಳಗೆ ಹಳೇ ಬಂಗ್ಲೆಲಿ ಆರಾಮಾಗಿ ಶೂಟಿಂಗ್ ಮಾಡ್ಬೋದಿತ್ತು.

1971ರಲ್ಲಿ ಇಟಲಿಯ ನಿರ್ದೇಶಕ ಪಾಸೊಲಿನಿಯ 'ಡೆಕಾಮೆರಾನ್' ಬಂದು ಭರ್ಜರಿ ಓಡ್ತು ನೋಡಿ, ಅದರ ಬೆನ್ನಿಗೇ ಡಜನ್‌ಗಟ್ಟಲೆ ನಕಲು ಬಂದ್ವು. 14ನೇ ಶತಮಾನದ ಲೇಖಕ ಬೊಕಾಚಿಯೊ ಬರೆದ ಕಥೆ, ರಾಯಲ್ಟಿ ಕೊಡೋ ಅಗತ್ಯ ಇಲ್ಲ, ಕೇಳಿದ್ರೆ 'ಸಾಹಿತ್ಯ ಸ್ವಾಮಿ' ಅನ್ಬೋದು. ಇಟಲಿಲಿ ಕಲ್ಲಿನ ಹಳೇ ಊರಿಗೇನು ಬರವಾ, ಸೆಟ್ಟೇ ಬೇಡ.

ದುಡ್ಡು ನಿಜವಾಗ್ಲೂ ಸುರಿದದ್ದು ರೋಮನ್ ಚಕ್ರವರ್ತಿಯ ಕಥೆ 'ಕಲಿಗುಲ'ಕ್ಕೆ. 1976ರಲ್ಲಿ ರೋಮ್‌ನಲ್ಲಿ ಶೂಟಿಂಗು, ರಿಲೀಸ್ ಆಗಿದ್ದು 1979ಕ್ಕೆ, ದುಡ್ಡು ಹಾಕಿದ್ದು ಪೆಂಟ್‌ಹೌಸ್ ಅನ್ನೋ ವಯಸ್ಕರ ಮ್ಯಾಗಜಿನ್‌ನ ಮಾಲೀಕ ಗುಚಿಯೊನಿ. ಸೆಟ್ಟು, ಬಟ್ಟೆ ಎರಡೂ ದಾನಿಲೊ ದೊನಾತಿದು, ಕಾಸ್ಟ್ಯೂಮ್‌ಗೆ ಆಸ್ಕರ್ ಗೆದ್ದ ಮನುಷ್ಯ. ಅದರಲ್ಲೊಂದು ಸೀನಿದೆ, ಕತ್ತಿನ ತನಕ ಮಣ್ಣಲ್ಲಿ ಹೂತಿಟ್ಟವರ ತಲೆ ಕತ್ತರಿಸ್ತಾ ಮುಂದಕ್ಕೆ ಬರೋ ಕೆಂಪು ಗೋಡೆಯಂಥ ದೈತ್ಯ ಮೆಷಿನ್ನು. ರೋಮನ್ನರ ಹತ್ರ ಅಂಥದ್ದು ಇತ್ತಾ? ಎಲ್ಲಿಂದ ಬರ್ಬೇಕು, ಪೂರ್ತಿ ದೊನಾತಿ ತಲೆಯಿಂದ ಬಂದಿದ್ದು, ಆದ್ರೆ ಒಂದ್ಸಲ ನೋಡಿದ್ರೆ ಮರೆಯಲ್ಲ. ತಮಾಷೆ ಏನಂದ್ರೆ ಇದರ ಎಡಿಟಿಂಗ್ ವಿಷಯಕ್ಕೆ ನಿರ್ಮಾಪಕ, ನಿರ್ದೇಶಕರ ನಡುವಿನ ಜಗಳ ಮುಗಿಯೋದ್ರೊಳಗೆ ಅದೇ ಸೆಟ್ಟಲ್ಲಿ ಬ್ರೂನೊ ಕೊರ್ಬುಚಿ 'ಮೆಸ್ಸಲಿನಾ, ಮೆಸ್ಸಲಿನಾ!' ಅಂತ ಕಾಮಿಡಿ ತೆಗೆದು 1977ರಲ್ಲೇ ರಿಲೀಸೂ ಮಾಡ್ಬಿಟ್ಟ! ಕೋಟಿಗಟ್ಟಲೆ ಸುರಿದವನ ಸೆಟ್ಟು ಅವನಿಗಿಂತ ಮುಂಚೆ ಪಕ್ಕದವನ ಪಿಚ್ಚರಲ್ಲಿ ಥಿಯೇಟರ್ ಕಂಡ್ತು.

ಇತಿಹಾಸದ ವಿಷಯಕ್ಕೆ ಬಂದ್ರೆ, ನಂಬೋಕೆ ಹೋಗ್ಬೇಡಿ. ನಿರ್ದೇಶಕ ತಿಂತೊ ಬ್ರಾಸ್‌ನ 'ಸಲೋನ್ ಕಿಟ್ಟಿ' (1976) ನಾಜಿ ಕಾಲದ ಬರ್ಲಿನ್‌ನಲ್ಲಿ ನಿಜವಾಗ್ಲೂ ಇದ್ದ ವೇಶ್ಯಾಗೃಹದ ಮೇಲೆ ಮಾಡಿದ್ದು, ಆದ್ರೆ ಸೆಟ್ ಡಿಸೈನ್ ಮಾಡಿದ್ದು ಜೇಮ್ಸ್ ಬಾಂಡ್ ಪಿಚ್ಚರ್‌ಗಳ ಕಾಲ್ಪನಿಕ ಸೆಟ್ಟುಗಳನ್ನ ಮಾಡಿದ ಕೆನ್ ಆಡಮ್, ಬರ್ಲಿನ್‌ನಲ್ಲೇ ಹುಟ್ಟಿ ನಾಜಿಗಳ ಕಾಟಕ್ಕೆ ಊರು ಬಿಟ್ಟ ಯಹೂದಿ ಹುಡುಗ. ಆ ಪಿಚ್ಚರಲ್ಲಿ ನನಗೆ ಇಷ್ಟ ಆಗೋದೂ ಆ ರೂಮುಗಳೇ, ಕಥೆ ಅಲ್ಲ.