ಅಂಡರ್-20 ಐಸ್ ಹಾಕಿ ವಿಶ್ವ ಚಾಂಪಿಯನ್‌ಷಿಪ್‌ನಲ್ಲಿ 20 ತುಂಬಿದ ಹುಡುಗರು ಹೇಗೆ ಆಡುತ್ತಾರೆ?

ಆಡಬಹುದು, ಅದರಲ್ಲಿ ಮೋಸ ಏನೂ ಇಲ್ಲ. ವಯಸ್ಸು ಲೆಕ್ಕ ಹಾಕುವುದು ಪಂದ್ಯದ ದಿನಕ್ಕಲ್ಲ, ಟೂರ್ನಿ ಶುರುವಾಗುವ ವರ್ಷದ ಡಿಸೆಂಬರ್ 31ಕ್ಕೆ. ಈ ಟೂರ್ನಿ ಸಾಮಾನ್ಯವಾಗಿ ಡಿಸೆಂಬರ್ 26ರ ಹೊತ್ತಿಗೆ ಶುರುವಾಗಿ ಜನವರಿ ಮೊದಲ ವಾರದಲ್ಲಿ ಮುಗಿಯುತ್ತದೆ, ಅಂದರೆ ಮಧ್ಯದಲ್ಲಿ ವರ್ಷವೇ ಬದಲಾಗಿಬಿಡುತ್ತದೆ ಅಲ್ವಾ, ಎಲ್ಲ ಗೊಂದಲವೂ ಅಲ್ಲಿಂದಲೇ. ಸ್ವೀಡನ್‌ನ ಗೋಥೆನ್‌ಬರ್ಗ್‌ನಲ್ಲಿ ನಡೆದ 2024ರ ಟೂರ್ನಿಯನ್ನೇ ನೋಡಿ, ಅದು ಶುರುವಾದದ್ದು 2023ರ ಡಿಸೆಂಬರ್‌ನಲ್ಲಿ. 2004ರ ಜನವರಿ 1 ಅಥವಾ ಆಮೇಲೆ ಹುಟ್ಟಿದವರಿಗೆ ಅವಕಾಶವಿತ್ತು. ಫೈನಲ್ ನಡೆದದ್ದು 2024ರ ಜನವರಿ 5ಕ್ಕೆ. ಹಾಗಾಗಿ 2004ರ ಜನವರಿ 2ಕ್ಕೆ ಹುಟ್ಟಿದವನು ಮೊದಲ ಪಂದ್ಯ ಆಡುವಾಗ 19, ಫೈನಲ್‌ಗೆ ಇಳಿಯುವಾಗ 20. 2003ರ ಡಿಸೆಂಬರ್ 31ಕ್ಕೆ ಹುಟ್ಟಿದವನಿಗೆ ಮಾತ್ರ, ಪಾಪ, ಒಂದೇ ದಿನದಲ್ಲಿ ಚಾನ್ಸ್ ತಪ್ಪಿತು.