ಲಂಚಕ್ಕೂ ಸಂವಿಧಾನಕ್ಕೂ ಏನು ಸಂಬಂಧ?

ನಿಮ್ಮ ಪ್ರಶ್ನೆ ಓದಿದೆ. "ಭ್ರಷ್ಟಾಚಾರದಿಂದ ದುಡ್ಡು ಪೋಲಾಗುತ್ತೆ ಅನ್ನೋದು ಗೊತ್ತು. ಆದರೆ ನಮ್ಮಂಥ ಬೆಳೆಯುತ್ತಿರುವ ದೇಶಗಳಲ್ಲಿ ಅದು ಸಂವಿಧಾನವನ್ನೇ ಹಾಳು ಮಾಡುತ್ತೆ ಅಂತಾರಲ್ಲ, ಅದು ಹೇಗೆ? ಚುನಾವಣೆ ನಡೀತಾ ಇದೆ, ಕೋರ್ಟುಗಳಿವೆ, ಸಂವಿಧಾನ ಹಾಗೇ ಇದೆ" ಅಂತ ಕೇಳಿದ್ದೀರಿ. ಒಳ್ಳೆಯ ಪ್ರಶ್ನೆ. ನಾನೂ ಡಿಗ್ರಿಯಲ್ಲಿ ರಾಜ್ಯಶಾಸ್ತ್ರ ಓದಿದವನೇ. ಆದರೆ ಇದಕ್ಕೆ ಉತ್ತರ ನನಗೆ ಕ್ಲಾಸಿನಲ್ಲಿ ಸಿಗಲಿಲ್ಲ.

ನಾನು ಮಂಡ್ಯ ಜಿಲ್ಲೆಯವನು. ಒಂದು ಸರ್ಕಾರಿ ಕಚೇರಿಯ ಎದುರು ಕೂತು ಜನರಿಗೆ ಅರ್ಜಿ ಬರೆದುಕೊಡುವುದು ನನ್ನ ಕೆಲಸ. ಹತ್ತೊಂಬತ್ತು ವರ್ಷ ಆಯಿತು. ಮೊದಲು ಹೊಂಗೆ ಮರದ ಕೆಳಗೆ ಒಂದು ಟೇಬಲ್ ಇತ್ತು. ಈಗ ಕಂಪ್ಯೂಟರು, ಪ್ರಿಂಟರು ಇಟ್ಟುಕೊಂಡ ಸಣ್ಣ ಅಂಗಡಿ.

ಎರಡು ವರ್ಷದ ಹಿಂದೆ ಒಬ್ಬ ಅವ್ವ ಬಂದರು. ಗಂಡ ತೀರಿಕೊಂಡು ಎಂಟು ತಿಂಗಳಾಗಿತ್ತು. ನಾಲೆ ಬಯಲಿನಲ್ಲಿ ಮೂವತ್ತು ಗುಂಟೆ ಗದ್ದೆ, ಪಹಣಿ ಇನ್ನೂ ಗಂಡನ ಹೆಸರಲ್ಲೇ ಇತ್ತು. ಪೌತಿ ಖಾತೆ ಆಗಬೇಕು, ಅಂದರೆ ಆ ಗದ್ದೆ ಅವ್ವನ ಹೆಸರಿಗೆ ಬರಬೇಕು. ಬೆಂಚಿನ ಮೇಲೆ ಕೂತವರೇ ಸೊಂಟದಿಂದ ಎಲೆ ಅಡಿಕೆ ಚೀಲ ತೆಗೆದರು. ಒಳಗೆ ನಾಲ್ಕು ಮಡಿಕೆ ಮಾಡಿದ ನೋಟುಗಳು, ಸುಣ್ಣ ಹತ್ತಿತ್ತು. "ಒಟ್ಟು ಏಟಾಯ್ತದೆ ಮಗ?" ಅಂತ ಕೇಳಿದರು.

"ಅವ್ವ, ಡೆತ್ ಸರ್ಟಿಫಿಕೇಟು, ವಂಶವೃಕ್ಷ, ಆಧಾರ್ ತಂದಿದ್ದೀರಾ?" ಅಂದೆ.

"ಅದೆಲ್ಲ ಅದೆ ಕಣಪ್ಪ. ಒಳಗೆ ಏಟು ಕೊಡ್ಬೇಕು ಅಂತ?"

ಹೆಚ್ಚುಕಡಿಮೆ ಎಲ್ಲರೂ ಹೀಗೇ. ಯಾವ ಕಾಗದ ಬೇಕು ಅಂತ ಮೊದಲು ಕೇಳುವವರು ಕಡಿಮೆ. ಎಷ್ಟು ಕೊಡಬೇಕು ಅನ್ನೋದೇ ಮೊದಲ ಮಾತು. ಕೊಡಬೇಡಿ ಅಂತ ನಾನು ಹೇಳಿದೆ. ಅವರಿಗೆ ಧೈರ್ಯ ಬರಲಿಲ್ಲ, ಕೊಟ್ಟರು. ಖಾತೆ ಆಯಿತು. ಅದಾಗಿ ಸ್ವಲ್ಪ ದಿನಕ್ಕೆ ಒಂದು ಕೈಚೀಲದ ತುಂಬ ಅವರೆಕಾಯಿ ಹಿಡಿದುಕೊಂಡು ಮತ್ತೆ ಬಂದರು. ಸೊಗಡಿನ ಅವರೆ, ಬೆಳಗ್ಗೆ ಕಿತ್ತದ್ದು, ಇನ್ನೂ ಇಬ್ಬನಿ ಇತ್ತು. ನನಗೇನೋ ಅಂದುಕೊಂಡೆ. ಅಲ್ಲ, ದುಡ್ಡು ಇಸ್ಕೊಂಡ ಆ ಮನುಷ್ಯನಿಗೆ. "ಪುಣ್ಯಾತ್ಮ ಮಾಡ್ಕೊಟ್ಟ, ಅವನ ಹೊಟ್ಟೆ ತಣ್ಣಗಿರ್ಲಿ" ಅಂದರು.

ಆ ಮಾತು ಕೇಳಿ ನನಗೆ ಅವತ್ತು ಊಟ ಸೇರಲಿಲ್ಲ. ಗದ್ದೆ ಅವರದು. ಖಾತೆ ಮಾಡಿಕೊಡಿ ಅಂತ ಕಾನೂನೇ ಹೇಳುತ್ತೆ. ಮಾಡಿಕೊಡುವವನಿಗೆ ಸಂಬಳ ಕೊಡುವವರಲ್ಲಿ ಅವರೂ ಒಬ್ಬರು. ಅಷ್ಟಿದ್ದೂ ಅವರು ಋಣ ತೀರಿಸಲು ಬಂದಿದ್ದರು. ಸಂವಿಧಾನ ಹಾಳಾಗುವುದು ಅಂದರೆ ಇದೇ. ಪುಸ್ತಕದಲ್ಲಿ ಒಂದಕ್ಷರವೂ ಅಳಿಸಿಹೋಗಲ್ಲ. ಆದರೆ ಹಕ್ಕು ಅಂತ ಬರೆದಿದ್ದು ಜನರ ಮನಸ್ಸಿನಲ್ಲಿ ಯಾರೋ ಮಾಡಿದ ಉಪಕಾರ ಆಗಿಬಿಡುತ್ತೆ. ಕಾನೂನಿನ ಮುಂದೆ ಎಲ್ಲರೂ ಸಮ ಅಂತ 14ನೇ ವಿಧಿ ಹೇಳುತ್ತೆ. ಕೌಂಟರಿನ ಮುಂದೆ ಚೀಲದಲ್ಲಿ ನೋಟು ಇರುವವರು, ಇಲ್ಲದವರು ಅಂತ ಎರಡು ಸಾಲು.

ನಮ್ಮ ಹಳೇ ಮೈಸೂರಿನವರಿಗೆ ಇದು ಇನ್ನೂ ಚೆನ್ನಾಗಿ ಅರ್ಥವಾಗಬೇಕು. 1881ರಲ್ಲಿ ದಿವಾನ್ ರಂಗಾಚಾರ್ಲು ಕಾಲದಲ್ಲಿ ಮೈಸೂರಿನಲ್ಲಿ ಪ್ರಜಾಪ್ರತಿನಿಧಿ ಸಭೆ ಶುರುವಾಯಿತು. ಆ ಕಾಲಕ್ಕೆ ದೊಡ್ಡ ಹೆಜ್ಜೆಯೇ. ಆದರೆ ದಸರಾ ಹೊತ್ತಿಗೆ ಸೇರುತ್ತಿದ್ದ ಆ ಪ್ರತಿನಿಧಿಗಳು ಅಹವಾಲು ಹೇಳಿಕೊಳ್ಳಬಹುದಿತ್ತು, ಅಷ್ಟೇ. ಮಾಡಲೇಬೇಕು ಅನ್ನುವ ಅಧಿಕಾರ ಇರಲಿಲ್ಲ. ಅಲ್ಲಿಂದ 1947ರ 'ಮೈಸೂರು ಚಲೋ' ಚಳವಳಿವರೆಗೆ ಎಷ್ಟು ಜನ ಜೈಲಿಗೆ ಹೋದರು! ಅವರು ಕೇಳಿದ್ದು 'ಜವಾಬ್ದಾರಿ ಸರ್ಕಾರ', ಅಂದರೆ ಜನರಿಗೆ ಉತ್ತರ ಕೊಡುವ ಸರ್ಕಾರ. ಅಹವಾಲು ಹೇಳುವವನು ಉತ್ತರ ಕೇಳುವವನಾಗಲು ಇಷ್ಟು ವರ್ಷ ಬೇಕಾಯಿತು. ಒಂದು ಮಡಿಸಿದ ನೋಟು ಅವನನ್ನು ಮತ್ತೆ ದರ್ಬಾರಿನ ಬಾಗಿಲಿಗೆ ತಂದು ನಿಲ್ಲಿಸುತ್ತೆ.

ಬೆಳೆಯುತ್ತಿರುವ ದೇಶಗಳಲ್ಲೇ ಯಾಕೆ ಜಾಸ್ತಿ ಪೆಟ್ಟು ಅಂದರೆ, ಇಲ್ಲಿ ಬಡವನ ಬದುಕು ಸರ್ಕಾರದ ಕಾಗದದ ಮೇಲೆ ನಿಂತಿದೆ. ರೇಷನ್ ಕಾರ್ಡು, ಪಿಂಚಣಿ, ಜಾತಿ ಸರ್ಟಿಫಿಕೇಟು, ಪಹಣಿ, ಸರ್ಕಾರಿ ಆಸ್ಪತ್ರೆ. ಉಳ್ಳವನು ಬೇರೆ ದಾರಿ ನೋಡಿಕೊಳ್ಳುತ್ತಾನೆ. ಇಲ್ಲದವನು ಎಲ್ಲಿಗೆ ಹೋಗಬೇಕು?

ಕಾನೂನು ಇಲ್ಲ ಅಂತಲ್ಲ. 2000ದ ಸುಮಾರಿಗೆ 'ಭೂಮಿ' ಯೋಜನೆ ಬಂತು. ಸುಮಾರು 2 ಕೋಟಿ ಪಹಣಿಗಳು ಕಂಪ್ಯೂಟರಿಗೆ ಹೋದವು. ಆಗ 15 ರೂಪಾಯಿ ಕಟ್ಟಿದರೆ ಕೈಗೆ ಪಹಣಿ. ಅದಕ್ಕೂ ಮುಂಚೆ ಅದೇ ಕಾಗದಕ್ಕೆ ಗ್ರಾಮ ಲೆಕ್ಕಿಗರ ಹಿಂದೆ ಅಲೆಯಬೇಕಿತ್ತು ಅಂತ ನಮ್ಮಪ್ಪ ಹೇಳುತ್ತಿದ್ದರು. ಪಹಣಿ ತೆಗೆಯುವುದಕ್ಕೆ ಈಗ ಯಾರ ಕೈಯನ್ನೂ ಬಿಸಿ ಮಾಡಬೇಕಿಲ್ಲ. ನಾನೇ ಅಂಗಡಿಯಲ್ಲಿ ತೆಗೆದುಕೊಡುತ್ತೇನೆ. ಆದರೆ ಪಹಣಿಯಲ್ಲಿ ಹೆಸರು ಬದಲಾಗಬೇಕು ಅಂದರೆ, ಜಮೀನು ಅಳೆದು ಪಾಲು ಬೇರೆ ಮಾಡುವ ಪೋಡಿ ಆಗಬೇಕು ಅಂದರೆ ಅಲ್ಲಿ ಒಬ್ಬ ಮನುಷ್ಯ ಕೂತಿರುತ್ತಾನೆ. ಲಂಚವೂ ಅಲ್ಲಿಗೇ ಹೋಗಿ ಕೂತಿತು.

ಸಕಾಲ ಕಾಯ್ದೆಯೂ ಅಷ್ಟೇ. 2011ರ ಕಾಯ್ದೆ, 2012ರ ಏಪ್ರಿಲ್‌ನಿಂದ ರಾಜ್ಯಕ್ಕೆಲ್ಲ ಬಂತು. ಪ್ರತಿ ಕೆಲಸಕ್ಕೂ ಇಷ್ಟು ದಿನ ಅಂತ ಗಡುವು. ತಡವಾದರೆ ದಿನಕ್ಕೆ 20 ರೂಪಾಯಿ, ಹೆಚ್ಚೆಂದರೆ 500 ರೂಪಾಯಿ ಪರಿಹಾರ. ಎಂಥ ಒಳ್ಳೆಯ ಯೋಚನೆ ಅಲ್ವಾ? ಸರ್ಕಾರ ತಡ ಮಾಡಿದರೆ ಪ್ರಜೆಗೆ ದಂಡ ಕಟ್ಟಬೇಕು! ಆದರೆ ನಾನು ಕಣ್ಣಾರೆ ಕಂಡಿದ್ದು ಏನು ಗೊತ್ತಾ? ಗಡುವಿನ ಕೊನೆಯ ದಿನ "ದಾಖಲೆ ಸರಿಯಿಲ್ಲ" ಅಂತ ಅರ್ಜಿ ತಿರಸ್ಕಾರ. ಲೆಕ್ಕದಲ್ಲಿ ವಿಲೇವಾರಿ ಆಯಿತು. ಮನುಷ್ಯ ಮತ್ತೆ ನನ್ನ ಬೆಂಚಿಗೆ.

ಇನ್ನು ಸಿಕ್ಕಿಬೀಳುವ ವಿಷಯ. ಒಂದು ಸಲ ನನ್ನ ಅಂಗಡಿ ಎದುರೇ ಟ್ರ್ಯಾಪ್ ಆಯಿತು, ಅಂದರೆ ಲಂಚ ಇಸ್ಕೊಳ್ಳುವಾಗಲೇ ಹಿಡಿದರು. ನೋಟಿಗೆ ಬಿಳಿ ಪುಡಿ ಸವರಿ ಕಳಿಸಿರುತ್ತಾರೆ. ಇಸ್ಕೊಂಡವನ ಬೆರಳನ್ನು ಸೋಡಾ ದ್ರಾವಣದಲ್ಲಿ ಅದ್ದಿಸಿದರೆ ನೀರು ಗುಲಾಬಿ ಬಣ್ಣಕ್ಕೆ ತಿರುಗುತ್ತೆ. ಕಿಟಕಿಯಾಚೆಯಿಂದ ನೋಡಿದೆ. ಗಾಜಿನ ಲೋಟ, ಅದರೊಳಗೆ ನಡುಗುವ ಬೆರಳು, ಬಣ್ಣ ಏರುತ್ತಾ ಬಂತು. ಜನ ಚಪ್ಪಾಳೆ ಹೊಡೆದರು. ವರ್ಷ ತುಂಬುವ ಮೊದಲೇ ಆ ಮನುಷ್ಯ ಬೇರೆ ಊರಲ್ಲಿ ಕೆಲಸಕ್ಕೆ ಕೂತಿದ್ದ. ಇಂಥ ಕೇಸು ಕೋರ್ಟಿನಲ್ಲಿ ಮುಂದೆ ಹೋಗಬೇಕು ಅಂದರೆ ಅವನ ಮೇಲಿನವರೇ ಅನುಮತಿ ಕೊಡಬೇಕು. ಆ ಫೈಲು ಯಾವಾಗ ಬರುತ್ತೆ ಅಂತ ಕಾಯುತ್ತಾ ಕೂರುವುದು.

ಕೊಟ್ಟವನಿಗೂ ಈಗ ಭಯ ಇದೆ. ಭ್ರಷ್ಟಾಚಾರ ತಡೆ ಕಾಯ್ದೆಗೆ 2018ರಲ್ಲಿ ತಿದ್ದುಪಡಿ ಆದ ಮೇಲೆ ಲಂಚ ಕೊಡುವುದೂ ಅಪರಾಧ. ಬಲವಂತಕ್ಕೆ ಕೊಟ್ಟಿದ್ದರೆ 7 ದಿನದೊಳಗೆ ದೂರು ಕೊಡಬೇಕು. ಎಲೆ ಅಡಿಕೆ ಚೀಲದ ಆ ಅವ್ವನಿಗೆ ಇದನ್ನು ಯಾರು ಹೇಳಿದ್ದಾರೆ?

ಕಾವಲು ಕಾಯುವ ಸಂಸ್ಥೆಗಳ ಕಥೆಗೆ ಬರೋಣ. ಪ್ರಜಾಪ್ರಭುತ್ವಕ್ಕೆ ದೊಡ್ಡ ಏಟು ಬೀಳುವುದು ಇಲ್ಲಿ ಅಂತ ನನ್ನ ಅನಿಸಿಕೆ. ಸರ್ಕಾರದವರ ಭ್ರಷ್ಟಾಚಾರ ತನಿಖೆ ಮಾಡುವ ನಮ್ಮ ಲೋಕಾಯುಕ್ತ 1984ರ ಕಾಯ್ದೆಯಿಂದ ಹುಟ್ಟಿದ್ದು. 2011ರ ಜುಲೈನಲ್ಲಿ ಲೋಕಾಯುಕ್ತರಾಗಿದ್ದ ನ್ಯಾಯಮೂರ್ತಿ ಸಂತೋಷ್ ಹೆಗ್ಡೆ ಅಕ್ರಮ ಗಣಿಗಾರಿಕೆಯ ವರದಿ ಕೊಟ್ಟಾಗ ಆಗಿನ ಮುಖ್ಯಮಂತ್ರಿ ರಾಜೀನಾಮೆ ಕೊಡಬೇಕಾಯಿತು. ಅಷ್ಟು ಶಕ್ತಿ ಇತ್ತು ಅದಕ್ಕೆ. 2016ರ ಮಾರ್ಚ್‌ನಲ್ಲಿ ಬಂದ ಇನ್ನೊಂದು ಪಕ್ಷದ ಸರ್ಕಾರದ ಆದೇಶ ಎಸಿಬಿ (ಭ್ರಷ್ಟಾಚಾರ ನಿಗ್ರಹ ದಳ) ಅನ್ನುವ ಹೊಸ ದಳ ಮಾಡಿ, ಲೋಕಾಯುಕ್ತ ಪೊಲೀಸರ ಕೈಯಿಂದ ಭ್ರಷ್ಟಾಚಾರದ ತನಿಖೆ ಕಿತ್ತುಕೊಂಡಿತು. ತನಿಖೆ ಮಾಡಬೇಕಾದವರು ಸರ್ಕಾರದ ಕೈಕೆಳಗೇ ಬಂದರು. 2022ರ ಆಗಸ್ಟ್ 11ರಂದು ಹೈಕೋರ್ಟ್ ಆ ಆದೇಶ ರದ್ದು ಮಾಡಿತು. ಆದರೆ ಆರು ವರ್ಷ ಹೋಗಿಯೇ ಹೋಯಿತು. ಯಾವ ಪಕ್ಷ ಬಂದರೂ ತನ್ನನ್ನು ಹಿಡಿಯುವ ಕೈ ಗಟ್ಟಿ ಇರುವುದು ಅದಕ್ಕೆ ಬೇಕಿರಲ್ಲ.

ಇದು ನಮ್ಮೊಬ್ಬರ ಕಥೆಯಲ್ಲ. ದಕ್ಷಿಣ ಆಫ್ರಿಕಾದಲ್ಲಿ ಜೇಕಬ್ ಜೂಮಾ ಅಧ್ಯಕ್ಷರಾಗಿದ್ದಾಗ ನ್ಕಾಂಡ್ಲಾ ಅನ್ನುವ ಹಳ್ಳಿಯಲ್ಲಿದ್ದ ಅವರ ಸ್ವಂತ ಮನೆಗೆ ಭದ್ರತೆ ಹೆಸರಲ್ಲಿ ಸರ್ಕಾರದ ದುಡ್ಡು ಸುರಿದರು. ದನದ ಕೊಟ್ಟಿಗೆ, ಕೋಳಿ ಗೂಡು, ಈಜುಕೊಳ ಎಲ್ಲ ಆಯಿತು. ಬೆಂಕಿ ಬಿದ್ದರೆ ಆರಿಸೋಕೆ ನೀರು ಬೇಕಲ್ಲ, ಅದಕ್ಕೆ ಈ ಕೊಳ ಅಂತ ಅಲ್ಲಿನ ಮಂತ್ರಿಯೊಬ್ಬರು ಜನರ ಮುಂದೆ ಸಮರ್ಥನೆ ಮಾಡಿದರು. ಸರ್ಕಾರದ ತಪ್ಪುಗಳ ತನಿಖೆ ಮಾಡುವ ಪಬ್ಲಿಕ್ ಪ್ರೊಟೆಕ್ಟರ್ ಆಗಿದ್ದ ತುಲಿ ಮಡೊನ್ಸೆಲಾ 2014ರಲ್ಲಿ ವರದಿ ಬರೆದರು. ಭದ್ರತೆಗೆ ಸಂಬಂಧವಿಲ್ಲದ ಕಾಮಗಾರಿಯ ದುಡ್ಡಿನಲ್ಲಿ ಒಂದು ಪಾಲನ್ನು ವಾಪಸ್ ಕಟ್ಟಿ ಅಂದರು. ಅಧ್ಯಕ್ಷರು ಕಟ್ಟಲಿಲ್ಲ. ಸಂಸತ್ತು, ಪಾರ್ಟಿಯ ಬಹುಮತ ಇತ್ತಲ್ಲ, ಅವರ ಪರ ನಿಂತಿತು. ನೋಡಿ, ಆರಿಸಿ ಕಳಿಸಿದ ಸಂಸತ್ತೇ ಕಾಯುವ ಕೆಲಸ ಬಿಟ್ಟು ಬಚ್ಚಿಡುವ ಕೆಲಸಕ್ಕೆ ಇಳಿಯಿತು. ಕೊನೆಗೆ 2016ರ ಮಾರ್ಚ್ 31ರಂದು ಅಲ್ಲಿನ ಸಾಂವಿಧಾನಿಕ ನ್ಯಾಯಾಲಯ ಒಮ್ಮತದಿಂದ ತೀರ್ಪು ಕೊಟ್ಟಿತು. ಅಧ್ಯಕ್ಷರು ಸಂವಿಧಾನವನ್ನು ಎತ್ತಿಹಿಡಿಯಲಿಲ್ಲ, ಸಂಸತ್ತು ಕೂಡ ತನ್ನ ಕರ್ತವ್ಯ ಮಾಡಲಿಲ್ಲ ಅಂತ. ಅದೇ ವರ್ಷ ಜೂಮಾ ಸುಮಾರು 78 ಲಕ್ಷ ರ‍್ಯಾಂಡ್ ವಾಪಸ್ ಕಟ್ಟಿದರು. ಆ ಪಬ್ಲಿಕ್ ಪ್ರೊಟೆಕ್ಟರ್ ಹುದ್ದೆ ಅಲ್ಲಿನ ಸಂವಿಧಾನದಲ್ಲೇ ಬರೆದಿರುವ ಹುದ್ದೆ. ಸರ್ಕಾರದ ಒಂದು ಆದೇಶದಿಂದ ಅದರ ಕೈಕಾಲು ಕಟ್ಟಿಹಾಕಲು ಆಗಲ್ಲ. ನಮ್ಮ ಲೋಕಾಯುಕ್ತಕ್ಕೆ ಅಂಥ ಗಟ್ಟಿ ನೆಲ ಇಲ್ಲ.

"ಚುನಾವಣೆ ನಡೀತಾ ಇದೆಯಲ್ಲ" ಅಂದಿರಿ. ಹೌದು, ನಡೆಯುತ್ತೆ. ವಿಧಾನಸಭೆಗೆ ನಿಂತವರು 40 ಲಕ್ಷಕ್ಕಿಂತ ಜಾಸ್ತಿ ಖರ್ಚು ಮಾಡಬಾರದು ಅಂತ ನಿಯಮ. ಅಷ್ಟರಲ್ಲೇ ಮುಗಿಯುತ್ತೆ ಅಂತ ನಂಬುವವರನ್ನು ನಾನಿನ್ನೂ ನೋಡಿಲ್ಲ. 2020ರ ಗ್ರಾಮ ಪಂಚಾಯಿತಿ ಚುನಾವಣೆಯಲ್ಲಿ ರಾಜ್ಯದ ಕೆಲವು ಹಳ್ಳಿಗಳಲ್ಲಿ ಸದಸ್ಯ ಸ್ಥಾನವನ್ನೇ ಹರಾಜು ಹಾಕಿದರು. ಕಣದಲ್ಲಿ ಒಬ್ಬನೇ ಉಳಿದ ಮೇಲೆ ಓಟು ಎಲ್ಲಿಂದ ಬಂತು? ಪಾರ್ಟಿಗಳಿಗೆ ದುಡ್ಡು ಕೊಟ್ಟವರ ಹೆಸರು ಮುಚ್ಚಿಡುತ್ತಿದ್ದ ಚುನಾವಣಾ ಬಾಂಡ್ ಯೋಜನೆಯನ್ನು ಸುಪ್ರೀಂ ಕೋರ್ಟ್ 2024ರ ಫೆಬ್ರವರಿ 15ರಂದು ರದ್ದು ಮಾಡಿದ್ದೂ ಇದೇ ಕಾರಣಕ್ಕೆ. ಯಾರ ದುಡ್ಡು ಯಾರಿಗೆ ಹೋಯಿತು ಅಂತ ತಿಳಿಯುವ ಹಕ್ಕು ಮತದಾರನಿಗೆ ಇದೆ ಅಂತ ಅದು ಹೇಳಿತು.

ನಮ್ಮ ಕಡೆಯ ಒಂದು ಮಾತು ಹೇಳುತ್ತೇನೆ. ವಿ.ಸಿ. (ವಿಶ್ವೇಶ್ವರಯ್ಯ) ನಾಲೆಯ ಕೊನೆ ಭಾಗದ ಹಳ್ಳಿಗಳಿಗೆ ನೀರು ಮುಟ್ಟುವುದೇ ಕಷ್ಟ. ಒಂದು ವರ್ಷ ಪೈರು ಒಣಗುತ್ತಿತ್ತು. ನಾಲೆ ಹೂಳು ತೆಗೆಸಿ ಅಂತ ನಾನು ಬರೆದುಕೊಟ್ಟ ಅರ್ಜಿ ಹಿಡಿದು ಹತ್ತಾರು ಜನ ಒಬ್ಬ ಚುನಾಯಿತರ ಮನೆಗೆ ಹೋದರು. ನಾನೂ ಜೊತೆಗಿದ್ದೆ. ಆ ಮನುಷ್ಯ ಅರ್ಜಿ ಓದಲೇ ಇಲ್ಲ. "ಪುಕ್ಕಟೆ ಹಾಕಿದ್ರೇನ್ರಪ್ಪ ಓಟು? ಮನೆಮನೆಗೂ ಮುಟ್ಸಿದ್ದೀನಿ. ಲೆಕ್ಕ ಚುಕ್ತಾ" ಅಂದ. ಯಾರೂ ಬಾಯಿ ಬಿಡಲಿಲ್ಲ. ಬಂದವರಲ್ಲಿ ಸುಮಾರು ಜನ ಕವರು ಇಸ್ಕೊಂಡಿದ್ದರು. ಅವರನ್ನು ನಾನು ಬೈಯಲಾರೆ. ಐದು ವರ್ಷದಲ್ಲಿ ಸರ್ಕಾರ ಕೈಗೆ ಕೊಟ್ಟಿದ್ದು ಅದೊಂದೇ ಅಂತ ಅವರಿಗೆ ಅನ್ನಿಸಿದ್ದರೆ ತಪ್ಪು ಅವರದೊಬ್ಬರದೇ ಅಲ್ಲ. ಆದರೆ ಅವತ್ತು ವಾಪಸ್ ಬರುವಾಗ ಗದ್ದೆ ಬದುವಿನ ಮೇಲೆ ಎಲ್ಲರೂ ಸುಮ್ನೆ ತಲೆ ತಗ್ಗಿಸಿ ನಡೆದದ್ದು ನನಗೆ ಮರೆಯಲು ಆಗಿಲ್ಲ. ಪ್ರಶ್ನೆ ಕೇಳುವ ಬಾಯಿಯನ್ನು ಮೊದಲೇ ಕೊಂಡುಬಿಟ್ಟಿದ್ದರು.

ಮೊದಲೆಲ್ಲ ನಾನು ಅರ್ಜಿಯ ಕೊನೆಗೆ "ತಾವು ಕೃಪೆ ಮಾಡಿ ಮಂಜೂರು ಮಾಡಬೇಕೆಂದು ಬೇಡಿಕೊಳ್ಳುತ್ತೇನೆ" ಅಂತ ಬರೆಯುತ್ತಿದ್ದೆ. ಹಿಂದಿನವರು ಬರೆದದ್ದು ನೋಡಿ ಕಲಿತ ಸಾಲು. ಅವರೆಕಾಯಿ ಬಂದ ದಿನದಿಂದ ಬಿಟ್ಟಿದ್ದೇನೆ. ಈಗ "ಸಕಾಲದಲ್ಲಿ ನೋಂದಾಯಿಸಿ ಸ್ವೀಕೃತಿ ಸಂಖ್ಯೆ ಕೊಡಿ, ಗಡುವಿನೊಳಗೆ ವಿಲೇವಾರಿ ಮಾಡಿ" ಅಂತ ಬರೆಯುತ್ತೇನೆ. ಕೆಲವರು ಹೆದರಿ "ಆ ಕೃಪೆ ಸಾಲು ಹಾಕಪ್ಪ" ಅಂತಾರೆ. ಹಾಕಲ್ಲ ಅಂದರೆ ಪಕ್ಕದ ಅಂಗಡಿಗೆ ಹೋಗುತ್ತಾರೆ.

ಹೋದ ವರ್ಷ ಆ ಅವ್ವ ಪಿಂಚಣಿಗೆ ಅಂತ ಮತ್ತೆ ಬಂದರು. ಮತ್ತೆ ಅದೇ ಚೀಲ ತೆಗೆದರು. ಈ ಸಲ ನಾನು ಬಿಡಲಿಲ್ಲ. ಚೀಲ ಕಟ್ಟಿಸಿ, ಅರ್ಜಿ ಕೊಡಿಸಿ, ಸ್ವೀಕೃತಿ ಸಂಖ್ಯೆಯನ್ನು ಒಂದು ಚೀಟಿಯಲ್ಲಿ ಬರೆದುಕೊಟ್ಟೆ. ಎರಡು ಸಲ ಹೋಗಿ ಕೇಳಿದೆವು. ಒಂದು ಪೈಸೆ ಕೊಡದೆ ಮಂಜೂರಾಯಿತು. ಆದೇಶದ ಕಾಗದ ನನ್ನ ಕೈಯಲ್ಲಿಟ್ಟು ಓದಿಸಿದರು. ಮುಗಿದ ಮೇಲೆ ನನ್ನ ಮುಖ ನೋಡಿ, "ಯಾರೂ ಏನೂ ಕೇಳ್ಲಿಲ್ವಲ್ಲ ಮಗ, ನಡೀತದಾ ಇದು?" ಅಂದರು. ನಡೆಯುತ್ತೆ ಅವ್ವ ಅಂದೆ. ನಂಬಿಕೆ ಬರಲಿಲ್ಲ. ಇನ್ನೊಂದು ಸಲ ಓದು ಅಂದರು.