ಚಪ್ಪಾಳೆ ಮೊದಲು, ಹಾಡು ಆಮೇಲೆ

ಓದುಗರ ಪತ್ರ: ಸಂಪಾದಕರೇ, ಒಂದು ಕಥೆ ಬರೆಯಬೇಕೆಂದಿದ್ದೇನೆ. ಅದಕ್ಕೊಂದು ಕಾಲ್ಪನಿಕ ಸಿದ್ಧಾಂತ ಕಟ್ಟಿಕೊಂಡಿದ್ದೇನೆ. ಹಿಂದಿನಿಂದ ನುಡಿಸಿದರೂ ಮುಂದಿನಿಂದ ನುಡಿಸಿದರೂ ಒಂದೇ ಆಗಿರುವ ಟ್ಯೂನ್. ಅದರ ನಟ್ಟನಡುವಿನ ಸ್ವರ ದಾಟಿದ ಕೂಡಲೇ ಕಾರಣ ಮತ್ತು ಪರಿಣಾಮ ಅದಲುಬದಲಾಗುತ್ತವೆ. ಚಪ್ಪಾಳೆ ಮೊದಲು ಬೀಳುತ್ತದೆ, ಹಾಡು ಆಮೇಲೆ ಬರುತ್ತದೆ. ಕೊನೆಗೆ ನಾಯಕ ಇದೇ ಟ್ಯೂನಿನಿಂದ ಕಾಯಿಲೆ ಬರುವ ಮೊದಲೇ ಜನರನ್ನು ಗುಣಪಡಿಸುತ್ತಾನೆ. ಫಿಸಿಕ್ಸ್ ಓದಿದ ಗೆಳೆಯ ಕೇಳಿ ನಕ್ಕುಬಿಟ್ಟ. ಓದುಗರು ಇದನ್ನು ನಂಬುತ್ತಾರಾ?

ಸಂಪಾದಕರ ಉತ್ತರ:

ಮೊದಲು ನಿಮ್ಮ ಗೆಳೆಯರ ಲೆಕ್ಕ ಚುಕ್ತಾ ಮಾಡಿಬಿಡೋಣ. ಅವರು ಹೇಳಿದ್ದು ಸರಿ. ಒಡೆದ ಲೋಟ ತಾನಾಗಿ ಕೂಡಿಕೊಂಡಿದ್ದನ್ನು ಯಾರೂ ಕಂಡಿಲ್ಲ. ಯಾವ ಟ್ಯೂನಿಗೂ ಅದು ಕೂಡಿಕೊಳ್ಳುವುದಿಲ್ಲ. ಇಷ್ಟು ಒಪ್ಪಿಕೊಂಡೆವಲ್ಲ, ಇನ್ನು ಅವರು ಪಕ್ಕದ ಕುರ್ಚಿಯಲ್ಲಿ ಕೂತಿರಲಿ.

ಕೂತಿರುವಾಗ ಅವರಿಗೆ ಎರಡು ಮಾತು ನೆನಪು ಮಾಡಿ. 1876ರಲ್ಲಿ ಲೋಶ್ಮಿಟ್ ಎಂಬ ವಿಜ್ಞಾನಿ, ಇಂಥದ್ದೆಲ್ಲ ಯಾಕೆ ಹಿಂದಕ್ಕೆ ನಡೆಯುವುದಿಲ್ಲ ಎಂದು ಅಣುಗಳ ಓಟದಿಂದ ವಿವರಿಸಿದ್ದ ವಿಜ್ಞಾನಿ ಬೋಲ್ಟ್ಸ್‌ಮನ್‌ಗೆ ಒಂದು ತಕರಾರು ಎತ್ತಿದ. ಪ್ರತಿಯೊಂದು ಅಣುವಿನ ಓಟವನ್ನೂ ತಿರುಗಿಸಿಬಿಟ್ಟರೆ ನಡೆದದ್ದೆಲ್ಲ ಹಿಂದಕ್ಕೆ ನಡೆಯಬೇಕಲ್ಲ, ನಿಯಮಗಳಲ್ಲಿ ಅದಕ್ಕೆ ಅಡ್ಡಿ ಎಲ್ಲಿದೆ ಅಂತ. ಬೋಲ್ಟ್ಸ್‌ಮನ್ ಆಗುವುದೇ ಇಲ್ಲ ಎನ್ನಲಿಲ್ಲ. ಆಗುವ ಸಂಭವ ತೀರಾ ಕಮ್ಮಿ ಎಂದ. ಎರಡನೆಯದು ಸದ್ದಿನ ವಿಷಯ. ಫ್ರಾನ್ಸಿನ ವಿಜ್ಞಾನಿ ಮತಿಯಾಸ್ ಫಿಂಕ್ 1990ರ ದಶಕದಲ್ಲಿ ಇದನ್ನು ಮಾಡಿಯೇ ತೋರಿಸಿದರು. ಹರಡಿಹೋದ ಸದ್ದನ್ನು ಹಲವು ಕಡೆ ಹಿಡಿದುಕೊಂಡು, ಕೊನೆಯದನ್ನು ಮೊದಲು ಮಾಡಿ ವಾಪಸ್ ಬಿಟ್ಟರೆ, ಅಲೆಗಳೆಲ್ಲ ತಾವು ಹುಟ್ಟಿದ ಜಾಗಕ್ಕೇ ಬಂದು ಸೇರುತ್ತವೆ. ಕಾರಣ ಪರಿಣಾಮ ಅಲ್ಲೇನೂ ತಿರುಗುಮುರುಗಾಗಿಲ್ಲ, ಗೊತ್ತು. ಆದರೂ ಸದ್ದು ತವರಿಗೆ ಹಿಂದಿರುಗುತ್ತದಲ್ಲ! ಕಥೆಗಾರನಿಗೆ ಇನ್ನೇನು ಬೇಕು?

ನಿಮ್ಮ ಟ್ಯೂನ್ ಮಾತ್ರ ಹೊಸದಲ್ಲ. 14ನೇ ಶತಮಾನದ ಫ್ರಾನ್ಸಿನ ಸಂಗೀತಗಾರ ಮಾಶೋ ‘ನನ್ನ ಕೊನೆಯೇ ನನ್ನ ಮೊದಲು’ ಎಂಬ ಹಾಡನ್ನು ಹೀಗೇ ಹೆಣೆದ. 1747ರಲ್ಲಿ ಜರ್ಮನಿಯ ಸಂಗೀತಗಾರ ಬಾಕ್ ಒಂದೇ ಸಾಲನ್ನು ಒಬ್ಬ ಈ ತುದಿಯಿಂದ, ಇನ್ನೊಬ್ಬ ಆ ತುದಿಯಿಂದ ಒಟ್ಟಿಗೆ ನುಡಿಸುವಂತೆ ಬರೆದ. ಇನ್ನೊಬ್ಬ ಸಂಗೀತಗಾರ ಹೈಡನ್ 1772ರ ತನ್ನ 47ನೇ ಸಿಂಫನಿಯ, ಅಂದರೆ ವಾದ್ಯಮೇಳದ ಕೃತಿಯ, ಕುಣಿತದ ಭಾಗವಾದ ಮಿನುಯೆಟ್‌ನಲ್ಲಿ ಮೊದಲರ್ಧವನ್ನೇ ತಿರುಗಿಸಿ ಎರಡನೇ ಅರ್ಧ ಮಾಡಿದ. ಹೇಳದೇ ಇದ್ದರೆ ಬಹಳಷ್ಟು ಕಿವಿಗಳಿಗೆ ಇದು ಗೊತ್ತೇ ಆಗುವುದಿಲ್ಲ. ಕಣ್ಣಿಗೆ ‘ವಿಕಟಕವಿ’ ಸುಲಭ, ಕಿವಿಗೆ ಕಷ್ಟ.

ನಾಯಕ ಯಾವ ರಾಗ ನುಡಿಸುತ್ತಾನೆ ಅಂತ ನೀವು ಬರೆದಿಲ್ಲ. ಬಿಲಹರಿಯಂತೂ ಆಗಿರಲಾರದು. ಬಿಲಹರಿಯಲ್ಲಿ ಹತ್ತುವಾಗ ಸ ರಿ ಗ ಪ ದ, ಇಳಿಯುವಾಗ ಏಳೂ ಸ್ವರ. ಹತ್ತಿದ ಮೆಟ್ಟಿಲಲ್ಲೇ ಇಳಿದುಬಂದರೆ ಅದು ಮೋಹನ ಎಂಬ ಬೇರೆ ರಾಗವಾಗಿಬಿಡುತ್ತದೆ. ಅಂದರೆ ಈ ರಾಗಕ್ಕೆ ಕಾಲ ಯಾವ ಕಡೆ ಓಡುತ್ತಿದೆ ಅಂತ ಗೊತ್ತು! ಕಥೆಯಲ್ಲಿ ಇದನ್ನು ಬಳಸಿಕೊಳ್ಳಿ, ನನ್ನ ಹೆಸರು ಹಾಕಬೇಕಾಗಿಲ್ಲ.

ನಿಮ್ಮ ಪತ್ರ ಓದಿದಾಗ ಒಂದು ಹಳೆಯ ತಂಟೆ ನೆನಪಾಯಿತು. ಹುಡುಗನಾಗಿದ್ದಾಗ ಕ್ಯಾಸೆಟ್ ಬಿಚ್ಚಿ, ಟೇಪನ್ನು ಮಗುಚಿ ಹಾಕಿ ಕೇಳಿದ್ದೆ. ಪಿಯಾನೋ ಕಚೇರಿಯ ಕ್ಯಾಸೆಟ್ ಅದು. ಪಿಯಾನೋ ಹೋಗಿ ಹಾರ್ಮೋನಿಯಂ ಕೂತಿತ್ತು. ಪ್ರತಿ ಸ್ವರವೂ ಎಲ್ಲಿಂದಲೋ ಉಬ್ಬುತ್ತಾ ಬಂದು ಟಕ್ಕಂತ ನಿಲ್ಲುತ್ತಿತ್ತು. ವಾದ್ಯ ಯಾವುದೆಂದು ಹೇಳುವುದು ಸ್ವರ ಹುಟ್ಟುವ ಆ ಒಂದು ಪೆಟ್ಟು ಅಂತ ಆಮೇಲೆ ಓದಿ ತಿಳಿದೆ. ಆದರೆ ಚಪ್ಪಾಳೆ? ಅದು ಹೆಚ್ಚುಕಮ್ಮಿ ಹಾಗೇ ಇತ್ತು. ಮೊದಲು ಚಪ್ಪಾಳೆ ಬಿತ್ತು, ಆಮೇಲೆ ಹಾಡು ಬಂತು. ನಿಮ್ಮ ಸಿದ್ಧಾಂತವನ್ನು ನಾನು ಆಗಲೇ ಕೇಳಿದ್ದೇನೆ, ಸ್ವಾಮಿ. ಕ್ಯಾಸೆಟ್ ಕೆಟ್ಟಿತು, ಬೈಗುಳವೂ ಸಿಕ್ಕಿತು. ಅಲ್ಲಿ ಮಾತ್ರ ಕಾರಣ ಮೊದಲು, ಪರಿಣಾಮ ಆಮೇಲೆ.

ಈಗ ನನ್ನ ಹುಚ್ಚಿಗೆ ಬರುತ್ತೇನೆ. ಸಂಗೀತದಲ್ಲಿ ಆಮೇಲೆ ಬರುವುದು ಮೊದಲು ಬಂದದ್ದನ್ನು ಬದಲಿಸುತ್ತದೆ. ಇದನ್ನು ನಾನು ಎಷ್ಟು ವರ್ಷದಿಂದ ಹೇಳುತ್ತಿದ್ದೇನೆಂದರೆ, ಕಚೇರಿಯ ಸಹೋದ್ಯೋಗಿಗಳು ಈಗ ಎದ್ದು ಹೋಗುತ್ತಾರೆ. ಸುಮ್ನೆ ಅಲ್ಲ, ಆಧಾರ ಇದೆ. 1970ರಲ್ಲಿ ಮನೋವಿಜ್ಞಾನಿ ರಿಚರ್ಡ್ ವಾರನ್ ಒಂದು ವಾಕ್ಯದಲ್ಲಿ ಒಂದು ಸದ್ದನ್ನು ಕತ್ತರಿಸಿ, ಆ ಜಾಗದಲ್ಲಿ ಕೆಮ್ಮು ಇಟ್ಟು ಕೇಳಿಸಿದರು. ಕೇಳಿದವರಿಗೆ ಇಲ್ಲದ ಸದ್ದು ಇದ್ದಂತೆಯೇ ಕೇಳಿಸಿತು. ಇನ್ನೂ ಮಜಾ ಏನೆಂದರೆ, ಇಲ್ಲದ ಆ ಸದ್ದು ಯಾವುದು ಎನ್ನುವುದನ್ನು ವಾಕ್ಯದ ಕೊನೆಯ ಪದ ತೀರ್ಮಾನಿಸುತ್ತಿತ್ತು. ಕೊನೆಯ ಪದ ಬದಲಾದರೆ, ಹಿಂದೆ ಕೇಳಿಸಿದ್ದೂ ಬೇರೆ! ಮಾತಿನಲ್ಲೇ ಹೀಗಾದರೆ ಹಾಡಿನಲ್ಲಿ ಕೇಳಬೇಕೆ? ಆಲಾಪನೆಯಲ್ಲಿ ಒಂದು ಅಪಸ್ವರ ಅನ್ನಿಸಿ ಮುಖ ಕಿವುಚುತ್ತೀರಿ. ನಾಲ್ಕು ಸ್ವರ ಕಳೆದ ಮೇಲೆ ಅದೇ ಆ ಹಾಡಿನ ಪ್ರಾಣ ಅಂತ ತಿಳಿಯುತ್ತದೆ. ಆಗಿಹೋದ ಸ್ವರ ಈಗ ಸರಿಯಾಯಿತು. ನೀವು ಊಹಿಸಿದ ಅದಲುಬದಲು ಕೇಳುಗನೊಳಗೆ ನಡೆದೇ ಇದೆ, ಅಲ್ವಾ?

ಆದರೆ ಕಥೆಯ ಕೊನೆಯಲ್ಲಿ ಎಡವಿದ್ದೀರಿ. ಕಾಯಿಲೆ ವಾಸಿಮಾಡುವ ಟ್ಯೂನ್ ಯಾಕೆ? ಇಷ್ಟು ಒಳ್ಳೆಯ ಕಲ್ಪನೆಯನ್ನು ತಂದು ಮಾತ್ರೆ ಡಬ್ಬಿಗೆ ಹಾಕಿದಿರಲ್ಲ! ಸಂಗೀತದಿಂದ ಏನು ಉಪಯೋಗ ಅಂತ ಕೇಳುವವರು ಈಗಲೇ ಜಾಸ್ತಿ. ನಿದ್ದೆಗೆ ಒಂದು ಹಾಡು, ಓದಿಗೆ ಒಂದು, ಬಿಪಿಗೆ ಇನ್ನೊಂದು. 1993ರಲ್ಲಿ 36 ಕಾಲೇಜು ವಿದ್ಯಾರ್ಥಿಗಳಿಗೆ ಮೊಜಾರ್ಟ್ ಸಂಗೀತ ಕೇಳಿಸಿದಾಗ, ಆಕಾರಗಳನ್ನು ಮನಸ್ಸಿನಲ್ಲೇ ಊಹಿಸುವ ಒಂದು ಬಗೆಯ ಪರೀಕ್ಷೆಯಲ್ಲಿ ಅಂಕ ಏರಿತು. ಏರಿದ್ದು ಹತ್ತು ಹದಿನೈದು ನಿಮಿಷ ಮಾತ್ರ. 1998ರ ಹೊತ್ತಿಗೆ ಅಮೆರಿಕದ ಜಾರ್ಜಿಯಾದ ಗವರ್ನರ್ ಹುಟ್ಟಿದ ಪ್ರತಿ ಮಗುವಿಗೂ ಸಂಗೀತದ ಧ್ವನಿಮುದ್ರಿಕೆ ಕೊಡಲು ದುಡ್ಡು ಕೇಳಿದರು. ಆ ಪ್ರಯೋಗದಲ್ಲಿ ಒಂದು ಶಿಶುವೂ ಇರಲಿಲ್ಲ! 2004ರಲ್ಲಿ 144 ಮಕ್ಕಳ ಮೇಲೆ ನಡೆದ ಅಧ್ಯಯನದಲ್ಲಿ ಸಂಗೀತ ಕಲಿತವರ ಬುದ್ಧಿಮತ್ತೆಯ ಅಂಕ ಉಳಿದವರಿಗಿಂತ ಸ್ವಲ್ಪ ಮೇಲೇರಿತ್ತು, ಅದನ್ನು ಮುಚ್ಚಿಡುವುದಿಲ್ಲ. ಆದರೆ ಸಾಮಾನ್ಯವಾಗಿ ‘ಸಂಗೀತ ಕಲಿತ ಮಕ್ಕಳು ಜಾಣರು’ ಎನ್ನುವಾಗ ಯಾವುದು ಕಾರಣ? ಜಾಣ ಮಕ್ಕಳು, ಅನುಕೂಲ ಇರುವ ಮನೆಯ ಮಕ್ಕಳು ಸಂಗೀತಕ್ಕೆ ಸೇರಿದ್ದೂ ಇರಬಹುದಲ್ಲ? ಪರಿಣಾಮವನ್ನು ಕಾರಣ ಅಂತ ಮಾರುವ ಈ ವ್ಯಾಪಾರಕ್ಕೆ ನಿಮ್ಮ ಗೆಳೆಯರು ಯಾಕೆ ನಗುವುದಿಲ್ಲವೋ.

ಮೊನ್ನೆ ಪರಿಚಯದವರೊಬ್ಬರು ಮಗಳನ್ನು ವೀಣೆ ಕ್ಲಾಸಿನಿಂದ ಬಿಡಿಸಿದರು. ಯಾಕೆ ಅಂದರೆ, ಗಣಿತದಲ್ಲಿ ಮಾರ್ಕ್ಸ್ ಏರಲಿಲ್ಲವಂತೆ.

ಆದ್ದರಿಂದ ಆಸ್ಪತ್ರೆಯ ದೃಶ್ಯ ಹೊಡೆದುಹಾಕಿ. ಚಪ್ಪಾಳೆಯಿಂದ ಶುರುಮಾಡಿ. ಕೇಳುಗರಿಗೆ ತಾವು ಯಾಕೆ ತಟ್ಟುತ್ತಿದ್ದೇವೆಂದು ಗೊತ್ತಿರಬಾರದು. ಹಾಡು ಬರಲಿ, ಕಾರಣ ನಿಧಾನವಾಗಿ ತಿಳಿಯಲಿ. ಬರೆದು ಕಳಿಸಿ. ನಿಮ್ಮ ಸಿದ್ಧಾಂತವನ್ನು ಗೌರವಿಸಿ ‘ವಿಷಾದದಿಂದ ಹಿಂದಿರುಗಿಸಿದ್ದೇವೆ’ ಎಂಬ ಚೀಟಿಯನ್ನು ಈ ಪತ್ರದ ಜೊತೆಗೇ ಅಂಚೆಗೆ ಹಾಕಿದ್ದೇನೆ. ಕಥೆ ಕೈಗೆ ಬಂದ ಮೇಲೆ ಆ ಚೀಟಿಗೆ ಬೇರೆ ಅರ್ಥ ಬಂದರೂ ಬರಬಹುದು.